ಈ ಗಲಾಟೆನ ಬರೆದಿಟ್ಟು ಏನು ಮಾಡ್ತೀರಿ?

ಊರಲ್ಲಿ ಯಾರ ಮನೆ ಮದುವೆಗೆ ಹೋದರೂ ಊಟದ ಪಂಕ್ತಿಯಲ್ಲಿ ಈ ಪ್ರಶ್ನೆ ಬಂದೇ ಬರುತ್ತದೆ. 'ಹುಡುಗರ ಆ ಹೆವಿ ಮೆಟಲ್ ಬ್ಯಾಂಡಿನ ಗಲಾಟೆನ ರೆಕಾರ್ಡ್ ಮಾಡಿ, ಬರೆದಿಟ್ಟು ಏನು ಮಾಡ್ತೀರಿ ಮಾರಾಯ್ರೆ?' ಬಾಯಲ್ಲಿ ಹೋಳಿಗೆ ಇರುತ್ತದೆ, ಸುಮ್ನೆ ನಗುತ್ತೇನೆ. ಉತ್ತರ ಇಲ್ಲಿ ಬರೆಯುತ್ತಿದ್ದೇನೆ.

2007ರ ಮಾರ್ಚ್‌ನಲ್ಲಿ ಇಂಗ್ಲೆಂಡಿನ ಮೆಟಲ್ ಬ್ಯಾಂಡ್ ಐರನ್ ಮೇಡನ್ ಬೆಂಗಳೂರಿನ ಅರಮನೆ ಮೈದಾನಕ್ಕೆ ಬಂದಿತ್ತು. ಸಾಗರದಿಂದ ನಾವು ನಾಲ್ವರು ರಾತ್ರಿ ಬಸ್ಸಿಗೆ ಹೋಗಿದ್ದೆವು. ವಾಪಸ್ ಬಂದವರೇ ಬ್ಯಾಂಡ್ ಕಟ್ಟಿದೆವು. 3 ವರ್ಷ ನುಡಿಸಿದೆವು, 11 ಹಾಡು ಮಾಡಿದೆವು. ಈಗ ಒಂದೂ ಇಲ್ಲ. ಎಲ್ಲವೂ ಒಂದೇ ಕಂಪ್ಯೂಟರಿನಲ್ಲಿತ್ತು. ಮೇ ತಿಂಗಳ ಒಂದು ಸಂಜೆ ಸಿಡಿಲು ಹೊಡೆಯಿತು. ಪ್ಲಗ್ ತೆಗೆಯಬೇಕಿದ್ದವನು ನಾನೇ. ಈಗಲೂ ನಾಲ್ವರು ಸೇರಿದರೆ ಎರಡನೇ ಹಾಡು ಹೇಗೆ ಶುರುವಾಗುತ್ತಿತ್ತು ಅಂತ ಜಗಳವಾಗುತ್ತದೆ.

ಬೆಂಗಳೂರಿನ ಮೆಟಲ್ ಬ್ಯಾಂಡ್ ಕ್ರಿಪ್ಟಾಸ್ 1998ರಲ್ಲಿ ಹುಟ್ಟಿ, 2013ರಲ್ಲಿ ಜರ್ಮನಿಯ ವಾಕನ್ ಮೆಟಲ್ ಉತ್ಸವದ ತನಕ ಹೋಯಿತು. ಅವರ ಆಲ್ಬಮ್‌ಗಳಿವೆ, ಚಿಂತೆಯಿಲ್ಲ. ನಮ್ಮ ಕಡೆ ಹಾಗಲ್ಲ. ಡಿಗ್ರಿ ಮುಗಿಯುತ್ತಿದ್ದಂತೆ ಗಿಟಾರಿನವನು ಬೆಂಗಳೂರಿಗೆ ಹೊರಡುತ್ತಾನೆ, ಬ್ಯಾಂಡ್ ಅಲ್ಲಿಗೆ ಮುಗಿಯಿತು.

ಈಗಿನ ಹುಡುಗರ ಪ್ರಾಕ್ಟೀಸಿಗೆ ಜಾಗ ನಮ್ಮ ಅಡಿಕೆ ಶೆಡ್. ಸುಗ್ಗಿಯಲ್ಲಿ ಅಲ್ಲಿ ಕಾಲಿಡಲೂ ಆಗುವುದಿಲ್ಲ. ಹಾಗಾಗಿ ನಮ್ಮೂರ ಮೆಟಲ್ ಮಳೆಗಾಲದ ಬೆಳೆ. ಜುಲೈನಲ್ಲಿ ಮಾಡಿದ ಯಾವ ರೆಕಾರ್ಡಿಂಗ್ ಹಾಕಿದರೂ ಹಿಂದೆ ತಗಡಿನ ಮೇಲೆ ಮಳೆ ಕೇಳುತ್ತದೆ. ಮೊದಲು ಅದನ್ನು ಅಳಿಸಲು ಒದ್ದಾಡುತ್ತಿದ್ದೆ, ಈಗ ಬಿಟ್ಟಿದ್ದೇನೆ. ಅವರಿಗೆ ನನ್ನ ಸಪೋರ್ಟ್ ಅಂದರೆ ಇಷ್ಟೇ: ಶೆಡ್, ಗಿಟಾರ್ ಸದ್ದು ಜೋರು ಮಾಡುವ ಒಂದು ಆಂಪ್, ತಂತಿ ತುಕ್ಕು ಹಿಡಿದಾಗ ಹೊಸ ಸೆಟ್, ಮತ್ತೆ ಅಮ್ಮನ ಚಹಾ.

ನೋಟ್‌ಬುಕ್‌ನಲ್ಲಿ ತಾರೀಖು, ಯಾರು ಏನು ನುಡಿಸಿದರು, ಯಾವ ಶ್ರುತಿ ಅಂತ ಬರೆಯುತ್ತೇನೆ. ಶ್ರುತಿ ಯಾಕೆ ಅಂದರೆ, ಇಂಗ್ಲೆಂಡಿನ ಬ್ಲ್ಯಾಕ್ ಸಬ್ಬತ್ ಬ್ಯಾಂಡಿನ ಗಿಟಾರಿನವನು ಟೋನಿ ಅಯೋಮಿ ತಗಡಿನ ಕಾರ್ಖಾನೆಯಲ್ಲಿ ಬೆರಳ ತುದಿ ಕಳೆದುಕೊಂಡಿದ್ದ. ಒತ್ತಲು ಸುಲಭವಾಗಲಿ ಅಂತ ಮುಂದೆ ತಂತಿ ಸಡಿಲಿಸಿ ಶ್ರುತಿ ಇಳಿಸಿದ. ಆ ಭಾರದ ಸದ್ದಿಗೆ ಅದೂ ಒಂದು ಕಾರಣ. ಯಾರೋ ಗಮನಿಸಿ ಹೇಳಿದ್ದಕ್ಕೇ ನಮಗೆ ಗೊತ್ತಾಯಿತು, ಅಲ್ವಾ?

ಸಾಹಿತ್ಯವನ್ನೂ ಬರೆದಿಡುತ್ತೇನೆ. ಹಾಡುವವನ ಗಂಟಲಿನಿಂದ ಬರುವುದು ಅವನ ಹೆತ್ತವರಿಗೂ ತಿಳಿಯುವುದಿಲ್ಲ. ಹೋದ ಮಳೆಗಾಲದಲ್ಲಿ ಒಬ್ಬ ಹುಡುಗ ಶರಾವತಿಯ ಹಿರೇಭಾಸ್ಕರ ಅಣೆಕಟ್ಟಿನ ಬಗ್ಗೆ ಹಾಡು ಮಾಡಿದ. 1948ರ ಅಣೆಕಟ್ಟು ಅದು. 1964ರಲ್ಲಿ ಲಿಂಗನಮಕ್ಕಿ ಬಂದು ಅದನ್ನೇ ಮುಳುಗಿಸಿತು. ಅಣೆಕಟ್ಟನ್ನು ನುಂಗಿದ ಅಣೆಕಟ್ಟು! ಮೆಟಲ್‌ಗೆ ಇದಕ್ಕಿಂತ ವಿಷಯ ಬೇಕಾ? ಅವನ ಅಜ್ಜಿ ಮುಳುಗಡೆಯವರು. ಕೊಡೆ ಹಿಡಿದು ಶೆಡ್ಡಿಗೆ ಬಂದರು, ಕಿವಿಗೆ ಸೆರಗು ಒತ್ತಿಕೊಂಡು ಪೂರ್ತಿ ಕೇಳಿದರು. ಆಮೇಲೆ ನನ್ನ ನೋಟ್‌ಬುಕ್ ಇಸ್ಕೊಂಡು ಕನ್ನಡಕ ಏರಿಸಿ ಓದಿದರು.

'ಹಿರೇಭಾಸ್ಕರ ಅಂತ ಯಾರು ಕರೀತಾರೋ? ನಾವೆಲ್ಲ ಮಡೆನೂರು ಡ್ಯಾಂ ಅಂತಿದ್ದಿದ್ದು. ಹಂಗೇ ಬರಿ.'

ಹುಡುಗ ಅಲ್ಲೇ ತಿದ್ದಿದ. ಸಾಲಿನ ಕೊನೆಗೆ 'ಡ್ಯಾಂ' ಬಂದಿದ್ದರಿಂದ ಡ್ರಮ್ಮಿನ ಪೆಟ್ಟು ಅಲ್ಲಿಗೇ ಬೀಳಬೇಕಾಯಿತು. ಡ್ರಮ್ಮರ್ ಎರಡು ವಾರ ಕೂತು ಹೊಸದಾಗಿ ಕಲಿತ. ಅಜ್ಜಿಗೆ ಈಗಲೂ ಬೈಯುತ್ತಾನೆ, ಅವರು ಇಲ್ಲದಾಗ.