ಕಾರವಾರಕ್ಕೆ ಯಾರ್ಯಾರ ನೆನಪಿದೆ

ಕಾರವಾರಕ್ಕೆ ಹೋದೋರು ಮೊದ್ಲು ನೋಡೋದೇ ಟಾಗೋರ್ ಬೀಚು, ನಾನೂ ಅಲ್ಲಿಗೇ ಹೋದೆ. 1880ರ ದಶಕದಲ್ಲಿ ಅಣ್ಣ ಸತ್ಯೇಂದ್ರನಾಥರು ಇಲ್ಲಿ ಜಿಲ್ಲಾ ಜಡ್ಜ್ ಆಗಿದ್ದಾಗ ರವೀಂದ್ರನಾಥ ಟಾಗೋರರು ಬಂದು ಇದ್ರು, ಆಗಿನ್ನೂ ಇಪ್ಪತ್ತರ ಆಸುಪಾಸಿನ ಹುಡುಗ, ಬೆಳದಿಂಗಳ ರಾತ್ರಿ ಕಾಳಿ ನದಿಲಿ ದೋಣಿ ಹತ್ತಿ ಹೋಗಿದ್ದನ್ನ ಎಷ್ಟೋ ವರ್ಷ ಆದ್ಮೇಲೆ ನೆನಪು ಮಾಡ್ಕೊಂಡು ಬರೆದಿದಾರೆ. ಸ್ವಲ್ಪ ದಿನ ಇದ್ದು ಹೋದವರ ಹೆಸರನ್ನ ಊರು ಇಷ್ಟು ಪ್ರೀತಿಯಿಂದ ಇಟ್ಕೊಂಡಿದೆ, ನಂಗೆ ತುಂಬಾ ಇಷ್ಟ ಆಯ್ತು. ಪಕ್ಕದಲ್ಲೇ ಚಪಲ್ ಯುದ್ಧನೌಕೆ ಮ್ಯೂಸಿಯಂ, ಮಕ್ಕಳ ಜೊತೆ ಹೋದ್ರೆ ಬಿಡಬೇಡಿ.

ಸಂಜೆ ಕಾಳಿ ಸೇತುವೆ ಕಡೆ ಹೋದೆ. ಹಳೇ ಸೇತುವೆ 2024ರ ಆಗಸ್ಟ್ 6ರ ನಡುರಾತ್ರಿ ದಾಟಿದ್ಮೇಲೆ ಕುಸಿದು ಲಾರಿ ಒಂದು ನದಿಗೆ ಬಿತ್ತು, ಡ್ರೈವರನ್ನ ಮೀನುಗಾರರೇ ಕಾಪಾಡಿದ್ರು. ಸದಾಶಿವಗಡ, ಗೋವಾ ಕಡೆ ಹೋಗೋ ಬರೋ ಜನರಿಗೆ ನಲವತ್ತು ವರ್ಷ ದಾರಿಯಾಗಿದ್ದ ಸೇತುವೆ ಅದು, ಇಲ್ಲಿ ಯಾರನ್ನ ಮಾತಾಡ್ಸಿದ್ರೂ ಆ ರಾತ್ರಿ ವಿಷ್ಯ ಬಂದೇ ಬರುತ್ತೆ.

ಆದ್ರೆ ಈ ಟ್ರಿಪ್ಪಲ್ಲಿ ಮನಸ್ಸಲ್ಲಿ ಉಳಿದಿದ್ದು ಮಾರನೇ ದಿನ ಅಂಕೋಲಾ ಬಸ್ಸಲ್ಲಿ ಪಕ್ಕದಲ್ಲಿ ಕೂತಿದ್ದ ಅಜ್ಜಿ. ಬಿಣಗಾ ದಾಟಿ ಅರ್ಗಾ ಹತ್ರ ಬರ್ತಿದ್ದಂಗೆ ನೌಕಾನೆಲೆ ಕಾಂಪೌಂಡ್ ಕಡೆ ಕೈ ತೋರ್ಸಿ, "ನಮ್ಮನೆ ಒಳಗಿತ್ತು" ಅಂದ್ರು. ಸೀಬರ್ಡ್ ಅನ್ನೋ ನೌಕಾನೆಲೆ ಯೋಜನೆಗೆ 1986ರಲ್ಲಿ ರಾಜೀವ್ ಗಾಂಧಿ ಅಡಿಗಲ್ಲು ಹಾಕಿದ್ರು, ಆ ಯೋಜನೆಲಿ ಕಟ್ಟಿದ ಕದಂಬ ನೌಕಾನೆಲೆ ಶುರುವಾಗಿದ್ದು 2005ರಲ್ಲಿ, ನಡುವೆ ಸಾವಿರಾರು ಕುಟುಂಬ ಮನೆ, ಗದ್ದೆ, ಕಡಲತೀರ ಬಿಟ್ಟು ಎದ್ದು ಬಂದ್ವು. ಅಜ್ಜಿ ಈಗ ತೋಡೂರಿನ ನಿರಾಶ್ರಿತರ ಕಾಲೋನಿಲಿ ಇದಾರೆ. ಪರಿಹಾರದ ಮಾತು ಅವ್ರು ಜಾಸ್ತಿ ಆಡ್ಲಿಲ್ಲ, ಹೇಳಿದ್ದೆಲ್ಲ ತೀರದಿಂದ ಎಳೆಯೋ ದೊಡ್ಡ ರಂಪಣಿ ಬಲೆದು, ಬೆಳಗಾಗೋದ್ರೊಳಗೆ ಊರಿಗೆ ಊರೇ ಬಂದು ಹಗ್ಗ ಹಿಡಿದು ಎಳೀತಿದ್ದಿದ್ದು, ಬಂಗಡೆ ತಾರ್ಲೆ ಮೀನು ಪಾಲು ಹಾಕ್ತಿದ್ದಿದ್ದು, ಯಾರ ಮನೇಲಿ ಬಾಣಂತಿ ಇದ್ರೆ ಅವ್ರಿಗೆ ಒಂದು ಹಿಡಿ ಜಾಸ್ತಿ ಹೋಗ್ತಿದ್ದಿದ್ದು. ಬಲೆ ಕಾಲೋನಿಗೆ ತಂದ್ರಂತೆ, ಎಳೆಯೋಕೆ ಎದುರಿಗೆ ಆ ತೀರ ಇರ್ಲಿಲ್ಲ.

ದೇಶಕ್ಕೆ ನೌಕಾನೆಲೆ ಬೇಕು, ಅದ್ರಲ್ಲಿ ಎರಡು ಮಾತಿಲ್ಲ, ಅಜ್ಜಿನೂ ಅದನ್ನೇ ಅಂದ್ರು. ನಂಗನ್ಸೋದು ಇಷ್ಟೇ, ಚಪಲ್ ಪಕ್ಕ ಜಾಗ ಬೇಕಾದಷ್ಟಿದೆ, ಅಲ್ಲೊಂದು ಕಲ್ಲು ನಿಲ್ಸಿ ಎದ್ದು ಹೋದ ಊರುಗಳ, ಕೇರಿಗಳ ಹೆಸರು ಒಂದೂ ಬಿಡ್ದೆ ಕೆತ್ತಿಸ್ಬೇಕು, ಹೆಸರು ಹೇಳೋರು ಇನ್ನೂ ಬದುಕಿರೋವಾಗ್ಲೇ.