ಎಡಿಟರ್ ಬಿಡಲಿಲ್ಲ

ಸೆಕೆಂಡ್ ಬಿಎ ಓದುವಾಗ ನಾನು ಕಾಲೇಜಿನ ಫಿಲ್ಮ್ ಕ್ಲಬ್‌ಗೆ ಹೋಗುತ್ತಿದ್ದದ್ದು ಸಿನಿಮಾ ಮೇಲಿನ ಪ್ರೀತಿಯಿಂದಲ್ಲ. ಆ ರೂಮಿನಲ್ಲಿ ಫ್ಯಾನ್ ತಿರುಗುತ್ತಿತ್ತು, ಅಷ್ಟೇ. ಒಂದು ಶನಿವಾರ ಇತಿಹಾಸದ ಮೇಷ್ಟ್ರು ಈಜಿಪ್ಟಿನ ಕಪ್ಪು-ಬಿಳುಪು ಚಿತ್ರವೊಂದನ್ನು ಹಾಕಿದರು. 1954ರದ್ದು. ಹೆಸರಿನ ಅರ್ಥ ‘ಬದುಕು ಇಲ್ಲವೇ ಸಾವು’.

ಕಾಯಿಲೆ ಬಿದ್ದ ಅಪ್ಪನಿಗೆ ಔಷಧಿ ತರಲು ಪುಟ್ಟ ಹುಡುಗಿ ಹೋಗುತ್ತಾಳೆ. ಅವಳು ಬಾಟಲಿ ಹಿಡಿದು ಹೊರಟ ಮೇಲೆ ಅಂಗಡಿಯವರಿಗೆ ಗೊತ್ತಾಗುತ್ತದೆ, ಔಷಧಿಯಲ್ಲಿ ವಿಷ ಸೇರಿಹೋಗಿದೆ ಅಂತ. ಅಷ್ಟರಲ್ಲಿ ಹುಡುಗಿ ಕೈರೋದ ಜನಜಂಗುಳಿಯಲ್ಲಿ ಮಾಯ. ಪೊಲೀಸರು ರೇಡಿಯೋದಲ್ಲಿ ಹೇಳಿಸುತ್ತಾರೆ, ಆ ಔಷಧಿ ಕುಡಿಯಬೇಡಿ ಅಂತ. ಪರದೆ ಮೇಲೆ ಒಮ್ಮೆ ಹುಡುಗಿ, ಒಮ್ಮೆ ಪೊಲೀಸರು, ಒಮ್ಮೆ ಮನೆಯಲ್ಲಿ ಕಾಯುವ ಅಪ್ಪ. ಮಧ್ಯದಲ್ಲೇ ಕ್ಯಾಂಟೀನಿಗೆ ಜಾರಿಕೊಳ್ಳೋಣ ಅಂತಿದ್ದ ನಾವು ಕೂತಲ್ಲಿಂದ ಅಲ್ಲಾಡಲಿಲ್ಲ.

ಲೈಟ್ ಹಾಕಿ ಮೇಷ್ಟ್ರು ಕೇಳಿದರು: “ಆ ಹುಡುಗಿ ಮನೆ ಸೇರೋಕೆ ಅಷ್ಟು ಹೊತ್ತು ಯಾಕೆ ಹಿಡೀತು?”

“ಟ್ರಾಫಿಕ್ ಸಾರ್” ಅಂದ ಹಿಂದಿನ ಬೆಂಚಿನವನು.

“ಅಲ್ಲಪ್ಪಾ. ಎಡಿಟರ್ ಬಿಡಲಿಲ್ಲ.”

ಆ ಚಿತ್ರದ ನಿರ್ದೇಶಕ ಕಮಾಲ್ ಅಲ್-ಶೇಖ್ ಮೊದಲು ಎಡಿಟರ್ ಆಗಿದ್ದವರು. ಕೈರೋದಲ್ಲಿ 1935ರಲ್ಲಿ ಶುರುವಾದ ಸ್ಟುಡಿಯೋ ಮಿಸ್ರ್‌ನಲ್ಲಿ ವರ್ಷಗಟ್ಟಲೆ ಬೇರೆಯವರ ಚಿತ್ರಗಳನ್ನು ಕತ್ತರಿಸಿ ಅಂಟಿಸಿದವರು. 1952ರಲ್ಲಷ್ಟೇ ಅವರ ಸ್ವಂತ ಮೊದಲ ಚಿತ್ರ ಬಂತು. ಅದೇ ಎಡಿಟಿಂಗ್ ವಿಭಾಗದಲ್ಲಿದ್ದ ಸಲಾಹ್ ಅಬು ಸೈಫ್ ಅವರ ಕಥೆ ನನಗೆ ಇನ್ನೂ ಜಾಸ್ತಿ ಇಷ್ಟ. ಮಹಲ್ಲಾ ಎಂಬ ಊರಿನ ಬಟ್ಟೆ ಮಿಲ್ಲಿನಲ್ಲಿ ಅವರಿಗೆ ನೌಕರಿ. ಮಿಲ್ಲಿನ ಬಗ್ಗೆ ಚಿತ್ರ ತೆಗೆಯಲು ಬಂದ ನಿಯಾಜಿ ಮುಸ್ತಫಾ ಅವರ ಪರಿಚಯವಾಯಿತು, ಅಲ್ಲಿಂದ ಎಡಿಟಿಂಗ್ ಟೇಬಲ್ಲಿಗೆ ದಾರಿ ಸಿಕ್ಕಿತು. ಮಿಲ್ಲೂ ಸ್ಟುಡಿಯೋವೂ ಬ್ಯಾಂಕ್ ಮಿಸ್ರ್‌ನವೇ! ಸೂಟಿಂಗ್-ಶರ್ಟಿಂಗ್ ಬಿಟ್ಟು ಶೂಟಿಂಗ್‌ಗೆ ಬಂದರು ಅಂತ ಮೇಷ್ಟ್ರು ನಗಿಸಿದರು.

ಇವರಿಬ್ಬರೂ ಟೇಬಲ್ ಬಿಟ್ಟು ನಿರ್ದೇಶಕರಾದರು. ಈಜಿಪ್ಟಿನ ಹೆಸರಾಂತ ನಿರ್ದೇಶಕ ಯೂಸುಫ್ ಶಾಹೀನ್ ಅವರ ಎಷ್ಟೋ ಚಿತ್ರಗಳಿಗೆ ಎಡಿಟರ್ ಆಗಿದ್ದ ರಶೀದಾ ಅಬ್ದೆಲ್ ಸಲಾಮ್ ಅಂಥವರ ಹೆಸರು ಮಾತ್ರ ಟೈಟಲ್ ಕಾರ್ಡಿನಲ್ಲಿ ಬಂದು ಹೋಗುತ್ತದೆ. ಯಾರು ಓದುತ್ತಾರೆ, ಅಲ್ವಾ? ನಾನು ಓದುತ್ತೇನೆ, ಅದೇ ಕೆಲಸಕ್ಕೆ ಬಿದ್ದವನು ನೋಡಿ.

ಈಗ ಬೆಂಗಳೂರಿನಲ್ಲಿ ಸೀರಿಯಲ್ ಎಡಿಟ್ ಮಾಡುತ್ತೇನೆ. ಹೋದ ತಿಂಗಳು ಮೇಷ್ಟ್ರು ಫೋನ್ ಮಾಡಿದ್ದರು. “ಏನಯ್ಯಾ, ನಿನ್ನ ಸೀರಿಯಲ್ಲಿನ ಸೊಸೆ ಬಾಗಿಲು ತೆಗೆಯೋಕೆ ಮೂರು ದಿನ ತಗೊಂಡ್ಲಲ್ಲ?”

“ಸಾರ್, ಈ ಸಲ ಎಡಿಟರ್ ಅಲ್ಲ. ಟಿಆರ್‌ಪಿ ಬಿಡಲಿಲ್ಲ.”