ಅಧ್ಯಕ್ಷರಿರುವ ಘಾನಾದಲ್ಲಿ ರಾಜನಿಗೇನು ಕೆಲಸ?

ಘಾನಾ ಬಗ್ಗೆ ಬರೆದಾಗಲೆಲ್ಲ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: "ಅಲ್ಲಿ ಚುನಾವಣೆ ಇದೆ, ಅಧ್ಯಕ್ಷರಿದ್ದಾರೆ, ಕೋರ್ಟಿದೆ. ಮತ್ತೆ ಕುಮಾಸಿಯ ಅಸಾಂಟೆ ರಾಜ ಯಾಕೆ? ನಮ್ಮ ಮೈಸೂರಿನ ಹಾಗೆ ಹಬ್ಬಕ್ಕೆ ಮಾತ್ರವಾ?"

ಅಸಾಂಟೆ ಅಂದರೆ ಘಾನಾದೊಳಗಿನ ಒಂದು ಹಳೆಯ ರಾಜ್ಯ, ಕುಮಾಸಿ ಅದರ ರಾಜಧಾನಿ. ಹಬ್ಬವೂ ಇದೆ. ಆರು ವಾರಕ್ಕೊಮ್ಮೆ ಬರುವ ಅಕ್ವಾಸಿಡೆಯಂದು ಮಾನ್ಹಿಯಾ ಅರಮನೆಯಲ್ಲಿ ದೊಡ್ಡ ದೊಡ್ಡ ಛತ್ರಿಗಳು, ಮೈತುಂಬ ಚಿನ್ನ, ನಗಾರಿ ಸದ್ದು. ಫೋಟೊಗಳಲ್ಲಿ ನಮಗೆ ಕಾಣುವುದು ಅಷ್ಟೇ. ಆದರೆ 1999ರಿಂದ ಪಟ್ಟದಲ್ಲಿರುವ ಎರಡನೇ ಒಸೆಯಿ ಟುಟು ಅವರ ಮುಖ್ಯ ಕೆಲಸ ನ್ಯಾಯ ಪಂಚಾಯ್ತಿ. ಜಮೀನಿನ ಜಗಳ, ಊರಿನ ಮುಖ್ಯಸ್ಥ ಯಾರಾಗಬೇಕು ಎಂಬ ಜಗಳ. ಕೋರ್ಟಿನಲ್ಲಿ ವರ್ಷಗಟ್ಟಲೆ ಎಳೆಯುತ್ತಿದ್ದ ಇಂಥ ಕೇಸುಗಳನ್ನು ವಾಪಸ್ ತೆಗೆದುಕೊಂಡು ಅರಮನೆಗೆ ಬನ್ನಿ ಎಂದು ಪಟ್ಟಕ್ಕೆ ಬಂದ ಹೊಸದರಲ್ಲೇ ಹೇಳಿದರು.

ನಾನು ಯಾವಾಗಲೂ ಕೊಡುವ ಉದಾಹರಣೆ ದಗ್ಬೋನ್. ಅದು ಉತ್ತರ ಘಾನಾದ ಬೇರೆಯೇ ರಾಜ್ಯ, ಅಸಾಂಟೆಗೆ ಸೇರಿದ್ದಲ್ಲ. ಅಲ್ಲಿ ಅಬುಡು, ಅಂಡಾನಿ ಎಂಬ ಎರಡು ಮನೆತನಗಳಿಗೆ ಪಟ್ಟ ಸರದಿಯಲ್ಲಿ ಹೋಗಬೇಕು. 1974ರಲ್ಲಿ ಅಬುಡು ಕಡೆಯ ರಾಜನನ್ನು ಇಳಿಸಿ ಅಂಡಾನಿ ಕಡೆಯವರನ್ನು ಕೂರಿಸಿದರು. 1986ರಲ್ಲಿ ಸುಪ್ರೀಂ ಕೋರ್ಟೂ ಅಂಡಾನಿಗಳ ಪರ ತೀರ್ಪು ಕೊಟ್ಟಿತು. ಜಗಳ ಮುಗಿಯಿತಾ? ಇಲ್ಲ. ಪಟ್ಟ ಕಳೆದುಕೊಂಡವರು 1988ರಲ್ಲಿ ತೀರಿಕೊಂಡಾಗ, ಅವರಿಗೆ ರಾಜಮರ್ಯಾದೆಯ ಅಂತ್ಯಕ್ರಿಯೆ ಸಲ್ಲಬೇಕೋ ಬೇಡವೋ ಎಂಬುದೇ ಹೊಸ ಗಂಟಾಯಿತು. 2002ರ ಮಾರ್ಚ್‌ನಲ್ಲಿ ಪಟ್ಟದಲ್ಲಿದ್ದ ಎರಡನೇ ಯಾಕುಬು ಅಂಡಾನಿಯವರ ಕೊಲೆಯೇ ಆಗಿಹೋಯಿತು.

ಆಗ ಸರ್ಕಾರ ಮೂವರು ರಾಜರ ಸಮಿತಿ ಮಾಡಿ, ಅಸಾಂಟೆ ರಾಜರನ್ನು ಅದರ ಅಧ್ಯಕ್ಷರನ್ನಾಗಿ ಮಾಡಿತು. ಮಾತುಕತೆ ಮುಗಿಯಲು 2018 ಬಂತು. ಕೊನೆಗೆ ಎರಡೂ ಕಡೆಯ ರಾಜರಿಗೆ ಅಂತ್ಯಕ್ರಿಯೆಯ ವಿಧಿ ನಡೆಯಿತು. ಮೊದಲು ಅಬುಡು, ಆಮೇಲೆ ಅಂಡಾನಿ. 2019ರ ಜನವರಿಯಲ್ಲಿ ಹೊಸ ರಾಜ ಬಂದರು. ಯಾರ ಕ್ರಿಯಾಕರ್ಮ ಮೊದಲು ಅಂತ ಯಾವ ಜಡ್ಜ್ ತಾನೇ ಹೇಳಬಲ್ಲರು!

ಅಸಾಂಟೆ ರಾಜರಿಗೆ ಸೈನ್ಯವಿಲ್ಲ. 1992ರ ಸಂವಿಧಾನ ಈ ವ್ಯವಸ್ಥೆಗೆ ರಕ್ಷಣೆ ಕೊಟ್ಟಿದೆ, ಜೊತೆಗೆ ಪಟ್ಟದಲ್ಲಿರುವವರು ಪಕ್ಷ ರಾಜಕೀಯ ಮಾಡುವಂತಿಲ್ಲ ಎಂದೂ ಹೇಳಿದೆ. ನಮ್ಮ ಯದುವೀರ್ 2024ರಲ್ಲಿ ಪಕ್ಷದ ಟಿಕೆಟ್‌ನಲ್ಲಿ ಗೆದ್ದು ಸಂಸದರಾದರು ಅಲ್ವಾ, ಅಲ್ಲಿ ಹಾಗೆ ನಿಲ್ಲಬೇಕೆಂದರೆ ಪೀಠ ಬಿಡಬೇಕು. ಯಾವ ಪಕ್ಷಕ್ಕೂ ಸೇರದವರು ಎಂಬುದರಿಂದಲೇ ಇವರ ಮಾತಿಗೆ ತೂಕ ಅಂತ ನನಗನಿಸುತ್ತದೆ.

ನನಗೆ ಒಪ್ಪಿಗೆಯಾಗದ ವಿಷಯವೂ ಇದೆ: ಜಮೀನು. ಅಸಾಂಟೆ ನೆಲದ ಬಹುಭಾಗ ಜನರ ಪರವಾಗಿ ಪೀಠಗಳ, ಅಂದರೆ ರಾಜ ಮತ್ತು ಊರ ಮುಖ್ಯಸ್ಥರ ಗದ್ದುಗೆಗಳ, ಹೆಸರಿನಲ್ಲಿದೆ. ಅದರ ಬಾಡಿಗೆಗೆ ಸಂವಿಧಾನದಲ್ಲೇ ಲೆಕ್ಕವಿದೆ. ಆಡಳಿತದ ಖರ್ಚಿಗೆ ಶೇ. 10 ಕಳೆದು, ಉಳಿದದ್ದರಲ್ಲಿ ಶೇ. 55 ಸ್ಥಳೀಯ ಸಂಸ್ಥೆಗೆ, 25 ಪೀಠಕ್ಕೆ, 20 ಸಾಂಪ್ರದಾಯಿಕ ಮಂಡಳಿಗೆ. ಆದರೆ ಜಾಗ ಬೇಕಾದವರು ಊರಿನ ಮುಖ್ಯಸ್ಥರಿಗೆ ಮೊದಲೇ ಕೊಡುವ ಕಾಣಿಕೆ ಈ ಲೆಕ್ಕಕ್ಕೆ ಬರುವುದಿಲ್ಲ. ಹಿಂದೆ ಅದು ಒಂದು ಬಾಟಲಿ ಮದ್ಯ. ಈಗ ಪೇಟೆ ಜಾಗಕ್ಕೆ ದೊಡ್ಡ ಮೊತ್ತದ ನಗದು. ಜಗಳ ಬಿಡಿಸುವ ರಾಜ ಇರಲಿ ಬಿಡಿ, ಆ ದುಡ್ಡಿಗೆ ರಸೀದಿಯೂ ಇರಲಿ.